ಟರ್ಬೊ ಸಿ++ ಅನ್ನು ಪೆನ್‌ಡ್ರೈವಿನಿಂದಲೇ ನಡೆಸುವುದು ಹೇಗೆ?

ಪ್ರಶ್ನೆ:
ನಾನು ಪಿಯು ವಿದ್ಯಾರ್ಥಿಗಳಿಗೆ ಗಣಕ ವಿಜ್ಞಾನ ಕಲಿಸುತ್ತೇನೆ. ಹದಿನೈದು ವರ್ಷಗಳಿಂದ ಟರ್ಬೊ ಸಿ++ 3.0ರಲ್ಲಿ (ಸಿ++ ಪ್ರೋಗ್ರಾಮ್ ಬರೆದು ನಡೆಸುವ ಹಳೆಯ ತಂತ್ರಾಂಶ) ಬರೆದಿಟ್ಟ ಪ್ರೋಗ್ರಾಮ್‌ಗಳು ನನ್ನ ಬಳಿ ಇವೆ. ಅವುಗಳಲ್ಲಿ ಅರ್ಧದಷ್ಟು ಗ್ರಾಫಿಕ್ಸ್‌ಗೆ ಸಂಬಂಧಿಸಿದವು. ಪ್ರಯೋಗಾಲಯಕ್ಕೆ ಈಗ ಬಂದಿರುವ 64 ಬಿಟ್ ವಿಂಡೋಸ್ ಕಂಪ್ಯೂಟರುಗಳಲ್ಲಿ ಟರ್ಬೊ ಸಿ++ ತೆರೆಯುವುದೇ ಇಲ್ಲ, ಹೊಸದೇನನ್ನಾದರೂ ಇನ್‌ಸ್ಟಾಲ್ ಮಾಡುವ ಅನುಮತಿಯೂ ನನಗಿಲ್ಲ. ಯಾವ ಕಂಪ್ಯೂಟರಿಗೆ ಸಿಕ್ಕಿಸಿದರೂ ಕೆಲಸ ಮಾಡುವಂತೆ ಎಲ್ಲವನ್ನೂ ಒಂದು ಪೆನ್‌ಡ್ರೈವಿನಲ್ಲಿ ಇಡಬಹುದೇ?

ಉತ್ತರ 1:
ಖಂಡಿತ ಇಡಬಹುದು. ಟರ್ಬೊ ಸಿ++ ಡಾಸ್ ಎಂಬ ಹಳೆಯ ಕಾರ್ಯಾಚರಣಾ ವ್ಯವಸ್ಥೆಯ 16 ಬಿಟ್ ಪ್ರೋಗ್ರಾಮ್. ಅಂಥವನ್ನು ನಡೆಸುವ ವ್ಯವಸ್ಥೆಯೇ 64 ಬಿಟ್ ವಿಂಡೋಸ್‌ನಲ್ಲಿ ಇಲ್ಲದ ಕಾರಣ, ಕಂಪ್ಯಾಟಿಬಿಲಿಟಿ ಆಯ್ಕೆಗಳನ್ನು ಎಷ್ಟು ಬದಲಿಸಿದರೂ ಪ್ರಯೋಜನವಾಗದು. ವಿಂಡೋಸ್‌ನೊಳಗೇ ಡಾಸ್ ಪರಿಸರವನ್ನು ಅನುಕರಿಸುವ ಡಾಸ್‌ಬಾಕ್ಸ್ ಎಂಬ ತಂತ್ರಾಂಶ ಬೇಕು. ಅದನ್ನು ಮನೆಯ ಕಂಪ್ಯೂಟರಿನಲ್ಲಿ ಒಮ್ಮೆ ಇನ್‌ಸ್ಟಾಲ್ ಮಾಡಿ, ಆ ಫೋಲ್ಡರನ್ನು ಹಾಗೆಯೇ ಪೆನ್‌ಡ್ರೈವಿಗೆ ನಕಲಿಸಿ, ಅದರೊಳಗೇ ಟರ್ಬೊ ಸಿ++ನ ಟಿಸಿ ಫೋಲ್ಡರನ್ನೂ ಇಡಿ. ಹೆಚ್ಚಿನವರು ಎಡವುವುದು ಇದರ ನಂತರ. ಪೆನ್‌ಡ್ರೈವ್ ಒಂದು ಕಂಪ್ಯೂಟರಿನಲ್ಲಿ ಇ ಎಂದೂ ಮತ್ತೊಂದರಲ್ಲಿ ಎಫ್ ಎಂದೂ ಕಾಣಿಸಿಕೊಳ್ಳುವುದರಿಂದ, ಒಂದು ಫೋಲ್ಡರನ್ನು ಡಾಸ್‌ಬಾಕ್ಸ್‌ನೊಳಗೆ ಡ್ರೈವ್ ಆಗಿ ಕಾಣಿಸುವ ಮೌಂಟ್ ಆದೇಶದಲ್ಲಿ ಪೂರ್ಣ ವಿಳಾಸವನ್ನು ಬರೆಯಬಾರದು. ಸದ್ಯದ ಫೋಲ್ಡರನ್ನು ಸೂಚಿಸುವ ಒಂದು ಚುಕ್ಕಿಯನ್ನಷ್ಟೇ ಕೊಟ್ಟು ಅದನ್ನೇ ಸಿ ಡ್ರೈವ್ ಮಾಡಬೇಕು. ಈ ಆದೇಶವನ್ನು ಡಾಸ್‌ಬಾಕ್ಸ್‌ನ ಕಾನ್ಫಿಗ್ (ಸೆಟ್ಟಿಂಗ್) ಕಡತದಲ್ಲಿ, ತೆರೆದೊಡನೆ ತಾನಾಗಿ ನಡೆಯುವ ಆಟೋಎಕ್ಸೆಕ್ ಭಾಗದಲ್ಲಿ ಬರೆದು, ಆ ಕಡತವನ್ನೇ ಬಳಸುವಂತೆ ಒಂದು ಸಾಲಿನ ಬ್ಯಾಚ್ ಕಡತದ ಮೂಲಕ ಡಾಸ್‌ಬಾಕ್ಸ್ ತೆರೆಯಿರಿ. ಹೊರಗೆ ಅಕ್ಷರ ಯಾವುದೇ ಇರಲಿ, ಟರ್ಬೊ ಸಿ++ಗೆ ಕಾಣುವುದು ಸಿ ಡ್ರೈವ್ ಮಾತ್ರ. ಹಾಗಾಗಿ ಹೆಡರ್ ಮತ್ತು ಲೈಬ್ರರಿ ಕಡತಗಳಿರುವ ಇನ್‌ಕ್ಲೂಡ್ ಮತ್ತು ಲಿಬ್ ಡೈರೆಕ್ಟರಿಗಳನ್ನೂ ಗ್ರಾಫಿಕ್ಸ್ ಆರಂಭಿಸುವ ಇನಿಟ್‌ಗ್ರಾಫ್‌ಗೆ ಕೊಡುವ ಬಿಜಿಐ (ಗ್ರಾಫಿಕ್ಸ್ ಚಾಲಕ ಕಡತಗಳ) ವಿಳಾಸವನ್ನೂ ಒಮ್ಮೆ ಸರಿಪಡಿಸಿದರೆ ಸಾಕು.

ಉತ್ತರ 2:
ಒಂದು ಎಚ್ಚರಿಕೆ ಸೇರಿಸುತ್ತೇನೆ. ಪ್ರೋಗ್ರಾಮ್ ನಡೆಸಲು ಟರ್ಬೊ ಸಿ++ನಲ್ಲಿ ಒತ್ತುವ ಕಂಟ್ರೋಲ್ ಎಫ್9, ಡಾಸ್‌ಬಾಕ್ಸ್ 0.74ರಲ್ಲಿ ಇಡೀ ಡಾಸ್‌ಬಾಕ್ಸನ್ನೇ ಮುಚ್ಚುವ ಕೀಲಿ. ಉಳಿಸದೆ ಇದ್ದ ಕೆಲಸವೆಲ್ಲ ಹೋಗುತ್ತದೆ. ಕಂಟ್ರೋಲ್ ಎಫ್1 ಒತ್ತಿ ಕೀಲಿಗಳ ಕೆಲಸ ಬದಲಿಸುವ ಕೀಮ್ಯಾಪರ್ ತೆರೆದು ಆ ಜೋಡಣೆಯನ್ನು ತೆಗೆದುಹಾಕಿ, ಆ ಬದಲಾವಣೆಯನ್ನು ಉಳಿಸುವ ಮ್ಯಾಪರ್ ಕಡತವೂ ಪೆನ್‌ಡ್ರೈವಿನಲ್ಲೇ ಉಳಿಯುವಂತೆ ನೋಡಿಕೊಳ್ಳಿ. ಕಡತಗಳ ಹೆಸರು ಎಂಟು ಅಕ್ಷರಗಳನ್ನು ಮೀರದಿರಲಿ.

ಉತ್ತರ 3:
ಗ್ರಾಫಿಕ್ಸ್ ಇಲ್ಲದ ಪ್ರೋಗ್ರಾಮ್‌ಗಳನ್ನಾದರೂ ಇಂದಿನ ಕಂಪೈಲರಿಗೆ (ಬರೆದ ಪ್ರೋಗ್ರಾಮನ್ನು ಯಂತ್ರದ ಭಾಷೆಗೆ ತರುವ ತಂತ್ರಾಂಶಕ್ಕೆ) ಸಾಗಿಸಿ ಎಂದು ಕಳಕಳಿಯಿಂದ ಕೇಳಿಕೊಳ್ಳುತ್ತೇನೆ. ಸಿ++ ಭಾಷೆಗೆ ಅಂತರರಾಷ್ಟ್ರೀಯ ಮಾನಕ ಬಂದದ್ದು 1998ರಲ್ಲಿ. ಟರ್ಬೊ ಸಿ++ 3.0 ಅದಕ್ಕಿಂತ ಹಳೆಯದು. ಅದರಲ್ಲಿ ಪೂರ್ಣಾಂಕ ಹಿಡಿದಿಡುವ ಇಂಟ್ ಎರಡೇ ಬೈಟ್ ಆದ್ದರಿಂದ 32767ನ್ನು ಮೀರಿದ ಸಂಖ್ಯೆ ಹಿಡಿಸುವುದಿಲ್ಲ. 8ರ ಫ್ಯಾಕ್ಟೋರಿಯಲ್ (1ರಿಂದ 8ರವರೆಗಿನ ಸಂಖ್ಯೆಗಳ ಗುಣಲಬ್ಧ) 40320 ಆಗಬೇಕಾದಲ್ಲಿ -25216 ಎಂದು ಬರುವುದನ್ನು ಕಂಡ ವಿದ್ಯಾರ್ಥಿ ತನ್ನ ತರ್ಕವೇ ತಪ್ಪೆಂದು ಭಾವಿಸುತ್ತಾನೆ.

ಪ್ರಶ್ನೆ ಕೇಳಿದವರು:
ಚುಕ್ಕಿಯ ಉಪಾಯದಿಂದ ಮೂರು ಕಂಪ್ಯೂಟರುಗಳಲ್ಲೂ ತೆರೆಯಿತು, ಎಲ್ಲರಿಗೂ ಧನ್ಯವಾದಗಳು. ಫ್ಯಾಕ್ಟೋರಿಯಲ್ ಪ್ರೋಗ್ರಾಮನ್ನು ಮುಂದಿನ ತರಗತಿಯಲ್ಲಿ ಎರಡೂ ಕಂಪೈಲರುಗಳಲ್ಲಿ ಅಕ್ಕಪಕ್ಕ ನಡೆಸಿ ತೋರಿಸುತ್ತೇನೆ.