ಸಹಾಯ ಬೇಕು: ಸೇವೆ ಪಡೆಯುವವರನ್ನು ಅಧ್ಯಯನದಲ್ಲಿ ನಿಜವಾದ ಪಾಲುದಾರರನ್ನಾಗಿ ಮಾಡೋದು ಹೇಗೆ?

ಎಲ್ಲರಿಗೂ ನಮಸ್ಕಾರ. ಮಾನಸಿಕ ಆರೋಗ್ಯ ಸೇವೆಯ ಬಗ್ಗೆ ಒಂದು ಸಣ್ಣ ಅಧ್ಯಯನ ಶುರು ಮಾಡಿದ್ದೇವೆ. ಸೇವೆ ಪಡೆಯುವವರೇ ನಮ್ಮ ಜೊತೆ ಕೂತು ಅದನ್ನು ರೂಪಿಸಬೇಕು ಅನ್ನೋದು ಆಸೆ. ಆದರೆ ಮೊದಲ ಸಭೆಗೇ ಪ್ರಶ್ನಾವಳಿ ಪೂರ್ತಿ ತಯಾರು ಮಾಡಿಕೊಂಡು ಹೋಗಿದ್ದೆವು (ನಮ್ಮ ಜಾಣತನ!). ಒಬ್ಬರು ನೇರವಾಗಿ ಕೇಳಿಯೇಬಿಟ್ಟರು: "ಎಲ್ಲಾ ನೀವೇ ಬರೆದಾಯ್ತಲ್ಲ, ನಾವು ಬಂದಿದ್ದು ತಲೆಯಾಡಿಸೋಕಾ?"

ಷೆರ್ರಿ ಆರ್ನ್‌ಸ್ಟೀನ್ 1969ರಲ್ಲಿ ವಿವರಿಸಿದ ಭಾಗವಹಿಸುವಿಕೆಯ ಏಣಿಗೆ (ನಿರ್ಧಾರಗಳಲ್ಲಿ ಜನರಿಗೆ ಎಷ್ಟು ಅಧಿಕಾರ ಇದೆ ಅಂತ ತೋರಿಸುವ ಮಾದರಿ) 8 ಮೆಟ್ಟಿಲು; ಮೇಲೇರಿದಷ್ಟೂ ಅಧಿಕಾರ ಹೆಚ್ಚು. ಅಭಿಪ್ರಾಯ ಕೇಳೋದು 4ನೆಯದು, ಪಾಲುದಾರಿಕೆ 6ನೆಯದು. ನಾವು 4ರಲ್ಲೇ ನಿಂತಿದ್ದೇವೆ.

ದೊಡ್ಡ ತಲೆನೋವು ಗೌರವಧನದ್ದು. ಸಂಬಳ ತಗೊಂಡು ಸಭೆಗೆ ಬರುವ ನಾವು, ದಿನದ ದುಡಿಮೆ ಬಿಟ್ಟು ಬರುವ ಅವರಿಂದ ಪುಕ್ಕಟೆ ಸಮಯ ಕೇಳೋದು ಸರಿಯಲ್ಲ. ಆದರೆ ಹಣ ಕೈಗೆ ಬಂದರೆ ಸಿಗುತ್ತಿರುವ ಸರ್ಕಾರಿ ನೆರವು ತಪ್ಪಿಹೋದೀತು ಅಂತ ಕೆಲವರಿಗೆ ಭಯ. ನೀವು ಹೇಗೆ ನಿಭಾಯಿಸಿದಿರಿ? ಸಭೆಗೆ ಇಷ್ಟು ಅಂತಲೋ, ಗಂಟೆ ಲೆಕ್ಕವೋ? ಓದಿ ಬರುವ, ಓಡಾಡುವ ಸಮಯವೂ ಸೇರುತ್ತಾ?

ಇನ್ನೊಂದು: ಸಂದರ್ಶನಗಳ ವಿಶ್ಲೇಷಣೆಯಲ್ಲೂ ಅವರನ್ನು ಸೇರಿಸಿಕೊಂಡವರು ಇದ್ದೀರಾ? ಅರ್ಥೈಸುವಾಗ ಭಿನ್ನಾಭಿಪ್ರಾಯ ಬಂದರೆ ಕೊನೆಯ ಮಾತು ಯಾರದ್ದು? ಪುಸ್ತಕದ ಉತ್ತರ ಬೇಡ, ಮಾಡಿ ಎಡವಿದವರ ಅನುಭವ ಬೇಕು. ಮುಂದಿನ ಸಭೆಗೆ ಎರಡೇ ವಾರ ಇದೆ.