ಬೋರ್‌ವೆಲ್ ಬಂದು ನಮ್ ಕೋಲಾರ ಉದ್ಧಾರ ಆಯ್ತಾ, ಹಾಳಾಯ್ತಾ? ಸೆಮಿನಾರ್‌ಗೆ ಬೇಕು, ಗೊತ್ತಿರೋರು ಹೇಳಿ

ಹುಣಸೆತೋಪು:

ಎಲ್ರಿಗೂ ನಮಸ್ಕಾರ. ನಾನು ಮುಳಬಾಗಿಲು ಕಡೆಯವಳು, ಬಿಎ ಕೊನೇ ವರ್ಷ. ನಮ್ ಎಕನಾಮಿಕ್ಸ್ ಮೇಡಂ ಸೆಮಿನಾರ್‌ಗೆ "ವಿಜ್ಞಾನ ತಂತ್ರಜ್ಞಾನ ಮತ್ತು ಆರ್ಥಿಕ ಅಭಿವೃದ್ಧಿ" ಅಂತ ಕೊಟ್ಟವ್ರೆ. ಕ್ಲಾಸಲ್ಲಿ ಎಲ್ರೂ ಮೊಬೈಲು, ಯುಪಿಐ, ಎಐ ಅಂತ ಬರ್ಕೊಂಡ್ ಬರೋದು ಗ್ಯಾರಂಟಿ, ನಂಗೆ ನಮ್ಮೂರಿಂದೇ ಏನಾದ್ರೂ ಹೇಳ್ಬೇಕು ಅಂತ ಆಸೆ. ಯೋಚ್ನೆ ಮಾಡಿದ್ರೆ ನಮ್ಮನೇಲಿ ಎಲ್ಲಾನೂ ಬದಲಾಯ್ಸಿದ್ದು ಬೋರ್‌ವೆಲ್ಲೇ ಅನ್ಸುತ್ತೆ.

ಮೂರೂವರೆ ಎಕರೆ, ಟಮೊಟೊ, ಡ್ರಿಪ್ಪು, ಮಲ್ಚಿಂಗ್ ಶೀಟು ಎಲ್ಲಾ ಐತೆ. ಇಲ್ಲೀವರೆಗೆ ಏಳು ಬೋರ್ ಕೊರೆಸಿದೀವಿ, ನೀರಿರೋದು ಎರಡ್ರಲ್ಲಿ, ಅದ್ರಲ್ಲೂ ಒಂದು ಮುಕ್ಕಾಲು ಗಂಟೆ ಓಡಿ ಗಾಳಿ ಉಗುಳುತ್ತೆ. ಏಳನೇದು ಈ ಮಾರ್ಚಲ್ಲಿ. ರಾತ್ರಿ ಹತ್ತಕ್ಕೆ ಶುರು, ತಮಿಳುನಾಡು ತಿರುಚೆಂಗೋಡಿನ ಬೋರ್ ಕೊರೆಯೋ ರಿಗ್ ಲಾರಿ, ಊರೆಲ್ಲಾ ನಡುಗೋ ಸೌಂಡು, ಬಂಡೆಪುಡಿ ಹಾರಿ ಬೇವಿನ ಮರ, ನಮ್ ಕರು, ಅಪ್ಪನ ಮೀಸೆ ಎಲ್ಲಾ ಬೆಳ್ಳಗಾಗೋಗಿತ್ತು. ರಾಡ್ ಒಂದಕ್ಕೆ 20 ಅಡಿ, ರಿಗ್ಗಿನೋರು ಲೆಕ್ಕ ತಪ್ಪಿಸ್ತಾರೆ ಅಂತ ಅಪ್ಪ ಒಂದೊಂದು ರಾಡ್ ಇಳಿದಾಗ್ಲೂ ಒಂದೊಂದು ಹುಣಸೆ ಬೀಜ ಟವೆಲ್ ಮೇಲೆ ಇಡ್ತಾ ಕೂತಿದ್ರು. 61 ಬೀಜ ಆದಾಗ ಸಾಕು ನಿಲ್ಸಿ ಅಂದ್ರು. 1220 ಅಡಿ, ಬರೀ ಧೂಳು. ಅಮ್ಮನ ಸರ ಇನ್ನೂ ಬ್ಯಾಂಕಲ್ಲೇ ಐತೆ.

ಆದ್ರೆ ನನ್ ಫೀಸು, ಹಾಸ್ಟೆಲ್ಲು, ಅಣ್ಣನ ಡಿಪ್ಲೊಮಾ ಎಲ್ಲಾ ಬಂದಿದ್ದು ಅದೇ ಬೋರಿನ ಟಮೊಟೊಯಿಂದ. ಹಂಗಾದ್ರೆ ಇದನ್ನ ಅಭಿವೃದ್ಧಿ ಅಂತ ಹೇಳ್ಬೇಕಾ ಬೇಡ್ವಾ? ಹಳಬರು ಯಾರಾದ್ರೂ ಇದ್ರೆ ಹೇಳಿ ಪ್ಲೀಸ್.

ಮಂಡಿ ಮಹಾರಾಜ:

ಎಐ ಬಗ್ಗೆ ಬರ್ಕೊಂಡ್ ಬರೋರು ಎಐ ಹತ್ರಾನೇ ಬರೆಸ್ಕೊಂಡ್ ಬರ್ತಾರೆ, ನೀನು ತಲೆ ಕೆಡಿಸ್ಕೋಬೇಡಮ್ಮ. ಬೋರ್ ತಂತ್ರಜ್ಞಾನ ಅಂತ ಯಾರಂದ್ರು, ಅದು ಇಸ್ಪೀಟು. ತೆಂಗಿನಕಾಯಿ ಅಂಗೈ ಮೇಲೆ ಇಟ್ಕೊಂಡು ಎದ್ದು ನಿಲ್ತು ಅಂತ ಪಾಯಿಂಟ್ ಗುರುತು ಮಾಡೋನಿಗೆ ದುಡ್ಡು ಕೊಡ್ತೀವಿ, ಆಮೇಲೆ ವಿಜ್ಞಾನ ಅಂತ ಮಾತಾಡ್ತೀವಿ 😂

ತೂಬಿನ ಕಲ್ಲು:

ಏನಮ್ಮಾ, ಚೆನ್ನಾಗಿ ಕೇಳಿದೀಯ. ನಾನು ಶ್ರೀನಿವಾಸಪುರದ ಹತ್ರ 26 ವರ್ಷದಿಂದ ಮೋಟರ್ ರಿವೈಂಡಿಂಗ್ ಅಂಗಡಿ ಇಟ್ಕೊಂಡಿದೀನಿ, ಸುಟ್ಟಿರೋ ಮೋಟರ್ ನೋಡೇ ಆ ಊರಲ್ಲಿ ನೀರು ಎಷ್ಟಡಿಗೆ ಹೋಗೈತೆ ಅಂತ ಹೇಳ್ತೀನಿ.

ಮೊದ್ಲು ಬೋರ್ ಬಂದಿದ್ದು ಟಮೊಟೊಗಲ್ಲ, ಕುಡಿಯೋಕೆ. 1966-67ರಲ್ಲಿ ಬಿಹಾರದಲ್ಲಿ ದೊಡ್ಡ ಬರ ಬಂತಲ್ಲ, ಆಗ ಯುನಿಸೆಫ್‌ನೋರು ಗಟ್ಟಿಬಂಡೆ ಕೊರೆಯೋ ರಿಗ್‌ಗಳನ್ನ ಇಂಡಿಯಾಕ್ಕೆ ತರಿಸಿದ್ರು, ಗಾಳಿ ಒತ್ತಡದಲ್ಲಿ ಹ್ಯಾಮರ್ ಕೆಳಗೇ ಹೋಗಿ ಬಂಡೆ ಕುಟ್ಟೋದು. ಅದಾದ್ಮೇಲೆ ಇಂಡಿಯಾ ಮಾರ್ಕ್ 2 ಕೈಪಂಪು ಬಂತು. ಇದನ್ನ ಯಾರೂ ಕೆಟ್ಟದ್ದು ಅನ್ನಂಗಿಲ್ಲ. ಉತ್ತರ ಕರ್ನಾಟಕದ ಕಡೆ ಮೆಟ್ಟಿಲು ಬಾವಿ ನೀರು ಕುಡಿದು ಕಾಲಲ್ಲಿ ನಾರುಹುಣ್ಣು ಆಗ್ತಿತ್ತು, ಹುಳ ಕಡ್ಡಿಗೆ ಸುತ್ತಿ ಸುತ್ತಿ ಎಳೀತಿದ್ರಂತೆ. 2000ನೇ ಇಸವೀಲಿ ಇಂಡಿಯಾದಲ್ಲಿ ಆ ರೋಗ ಇಲ್ಲ ಅಂತ ಸರ್ಟಿಫಿಕೇಟ್ ಬಂತಲ್ಲ, ಅದ್ರಲ್ಲಿ ಈ ಕೈಪಂಪಿನ ಪಾಲೂ ಐತೆ. ಇದನ್ನ ಸೆಮಿನಾರಲ್ಲಿ ಹೇಳೋದು ಮರೀಬೇಡ.

ಇನ್ನು ಬೇಸಾಯಕ್ಕೆ ಬಾ. ನಮ್ಮಪ್ಪನ ಕಾಲಕ್ಕೆ ಕಪಿಲೆ ಬಾವಿ, ಜೋಡೆತ್ತು ಹಿಂದಕ್ಕೂ ಮುಂದಕ್ಕೂ ನಡೆದು ನೀರೆತ್ತೋದು. ಆಮೇಲೆ ಕರೆಂಟ್ ಪಂಪು. ಮೇಲೆ ಇಟ್ಟು ಹೀರೋ ಪಂಪು ಎಷ್ಟೇ ದೊಡ್ಡದಿರ್ಲಿ 25 ಅಡಿಗಿಂತ ಕೆಳಗಿನ ನೀರು ಎಳೆಯಲ್ಲ, ಗಾಳಿ ಒತ್ತಡದ ಲೆಕ್ಕದಲ್ಲಿ ಪುಸ್ತಕದ ಪ್ರಕಾರ 33 ಅಡಿ, ಹೊಲದಲ್ಲಿ 25 ಅಂದ್ಕೋ. ಅದಕ್ಕೇ ಬಾವಿ ಒಳಗೆ ಚಪ್ಪಡಿ ಹಾಕಿ ಪಂಪ್ ಇಳಿಸ್ತಿದ್ರು. ಒಂದು ಲೆಕ್ಕದಲ್ಲಿ ಆ ಮಿತೀನೇ ನೀರಿಗೆ ಕಾವಲಾಗಿತ್ತು. ಬಾವೀಲಿ ನೀರು ಇಳಿದ್ರೆ ಬಗ್ಗಿ ನೋಡಿದೋರಿಗೆಲ್ಲಾ ಕಾಣ್ತಿತ್ತು, ನಿನ್ ಬಾವಿ ಇಳಿದ್ರೆ ಪಕ್ಕದೋನ್ದೂ ಇಳೀತಿತ್ತು, ಇಬ್ರೂ ಕಬ್ಬು ಬಿಟ್ಟು ರಾಗಿ ಹಾಕ್ತಿದ್ರು. ಸಬ್‌ಮರ್ಸಿಬಲ್ ಬಂತು ನೋಡು, ಮೋಟರೇ ನೀರೊಳಗೆ ಕೂತು ಮೇಲಕ್ಕೆ ತಳ್ಳುತ್ತೆ, ಅಲ್ಲಿಗೆ ಆ 25 ಅಡಿ ಕಟ್ಟು ಕಿತ್ತೋಯ್ತು. ಆರೂವರೆ ಇಂಚು ತೂತಿನೊಳಗೆ ಎಷ್ಟೈತೆ ಅಂತ ಯಾರಿಗೆ ಕಾಣುತ್ತೆ? ಅವ್ನು 600 ಹೋದ್ರೆ ಇವ್ನು 800, ಇವ್ನು 800 ಹೋದ್ರೆ ಅವ್ನು 1000.

ನಾನು ಅಂಗಡಿ ಇಟ್ಟಾಗ 5 ಎಚ್‌ಪಿ ಮೋಟರ್ ಬಂದ್ರೆ ದೊಡ್ಡದು. ಈಗ 15, 20. ಅದೇ ಒಂದು ಬಿಂದಿಗೆ ನೀರನ್ನ 200 ಅಡಿ ಬದ್ಲು 1200 ಅಡಿಯಿಂದ ಎತ್ತೋಕೆ ಆರರಷ್ಟು ಕರೆಂಟ್ ಬೇಕಮ್ಮ, ಇದ್ರಲ್ಲಿ ಮೋಸ ಮಾಡೋಕೆ ಆಗಲ್ಲ. ಸರ್ಕಾರ 10 ಎಚ್‌ಪಿ ತನಕ ಪಂಪ್‌ಸೆಟ್‌ಗೆ ಕರೆಂಟ್ ಫ್ರೀ ಕೊಡೋದ್ರಿಂದ ಆ ಆರರಷ್ಟು ಯಾರ ಜೇಬಿಗೂ ಗೊತ್ತಾಗಲ್ಲ. ಮೋಟರ್ ಮೇಲಿನ ಪ್ಲೇಟಲ್ಲಿ ಏನಿರುತ್ತೆ ಒಳಗೆ ಏನಿರುತ್ತೆ ಅಂತ ಮಾತ್ರ ನನ್ ಬಾಯಲ್ಲಿ ಹೇಳಿಸ್ಬೇಡ.

ನನ್ ಪ್ರಕಾರ ಬೋರ್ ಮಾಡಿದ ದೊಡ್ಡ ಬದಲಾವಣೆ ಇದ್ಯಾವ್ದೂ ಅಲ್ಲ, ಕೆರೆಗಳಿಗೆ ಆಗಿದ್ದು. ನಮ್ಮಲ್ಲಿ ವರ್ಷಪೂರ್ತಿ ಹರಿಯೋ ಹೊಳೆ ಇಲ್ಲ, ಮಳೆ ವರ್ಷಕ್ಕೆ 700 ಮಿ.ಮೀ. ಆಸುಪಾಸು, ಅದಕ್ಕೇ ಹಿರಿಯರು ಒಂದರ ಕೋಡಿ ಇನ್ನೊಂದಕ್ಕೆ ಹೋಗೋ ಹಂಗೆ ಸಾಲಾಗಿ ಕೆರೆ ಕಟ್ಟಿದ್ರು. ಊರಿಗೊಬ್ಬ ನೀರುಗಂಟಿ, ತೂಬು ಎತ್ತೋದು ಅವನೇ, ಯಾವ ಗದ್ದೆಗೆ ಎಷ್ಟು ಹೊತ್ತು ಅಂತ ಅವನೇ ಹೇಳ್ತಿದ್ದ, ಗೌಡನ ಗದ್ದೆ ಆದ್ರೂ ಸರದಿ ಕಾಯ್ಬೇಕಿತ್ತು (ಕಾಯ್ತಿದ್ರಾ ಅನ್ನೋದು ಬೇರೆ ಮಾತು, ಅಚ್ಚುಕಟ್ಟಲ್ಲಿ ಜಮೀನಿಲ್ದೋರಿಗೆ ಆಗ್ಲೂ ಏನೂ ಸಿಗ್ತಿರ್ಲಿಲ್ಲ). ಹೊಲಕ್ಕೊಂದು ಬೋರ್ ಬಂದ್ಮೇಲೆ ಹೂಳು ಎತ್ತೋಕೆ ಮನೆಗೊಬ್ರು ಬನ್ನಿ ಅಂತ ತಮಟೆ ಹೊಡೆದ್ರೆ ಯಾರು ಬರ್ತಾರೆ? ರಾಜಕಾಲುವೆ ಒತ್ತುವರಿ ಆಯ್ತು, ಕೆರೆಯಂಗಳದಲ್ಲಿ ಜಾಲಿ ಬೆಳೀತು. ಕೆರೇಲಿ ನೀರು ನಿಲ್ದೆ ಬೋರಿಗೆ ಎಲ್ಲಿಂದ ಬರುತ್ತೆ. ಬಂಡೆ ಸೀಳಲ್ಲಿ ಎಷ್ಟೋ ಕಾಲದಿಂದ ಇದ್ದ ನೀರು ಎತ್ತಿದ್ವಿ, ಅದ್ರ ಜೊತೆ ಫ್ಲೋರೈಡೂ ಎತ್ತಿದ್ವಿ. ಲೀಟರಿಗೆ 1.5 ಮಿಲಿಗ್ರಾಂ ದಾಟಬಾರ್ದು ಅಂತಾರೆ, ನಮ್ಮೂರ ಮಕ್ಕಳ ಹಲ್ಲು ಹೆಂಗೆ ಕಂದು ಕಟ್ಟೈತೆ ನೋಡು. ಈಗ ಕಾಯಿನ್ ಹಾಕಿ ಕ್ಯಾನ್ ತುಂಬಿಸ್ಕೊಂಡ್ ಬರ್ತೀವಿ, ಬೋರ್ ತಂದ ರೋಗಕ್ಕೆ ಆರ್‌ಓ ಫಿಲ್ಟರ್ ನೀರು ಮದ್ದು.

ಸೈನೈಡ್ ದಿಬ್ಬ:

ಮೇಲಿನ ಸಾರ್ ಹೇಳಿದ್ದು ಸರಿ, ಆದ್ರೆ ಕೋಲಾರಕ್ಕೆ ತಂತ್ರಜ್ಞಾನ ಬೋರಲ್ಲಿ ಬಂತು ಅಂದ್ರೆ ನಾವ್ ಕೆಜಿಎಫ್ ಚಿನ್ನದ ಗಣಿ ಊರಿನೋರು ಒಪ್ಪಲ್ಲ. 1902ರಲ್ಲಿ ಶಿವನಸಮುದ್ರದಲ್ಲಿ ಕರೆಂಟ್ ಹುಟ್ಟಿದ್ದೇ ನಮ್ ಗಣಿಗೆ, 92 ಮೈಲಿ ಲೈನ್ ಎಳೆದು ತಂದ್ರು. ಬೆಂಗಳೂರು ಬೀದಿಗೆ ದೀಪ ಬಂದಿದ್ದು ಅದಾಗಿ ಮೂರು ವರ್ಷಕ್ಕೆ. ಅದೇ ಲೈನ್ ಎಷ್ಟು ಹಳ್ಳಿ ತಲೆ ಮೇಲೆ ಹಾದು ಬಂತು, ಅವ್ರಿಗೆ ಸೀಮೆಎಣ್ಣೆ ಬುಡ್ಡೀನೇ. ನಮ್ಮಜ್ಜಿ ಊರು ಬಂಗಾರಪೇಟೆ ತಾಲೂಕು, ರಾತ್ರಿ ದಿಬ್ಬ ಹತ್ತಿದ್ರೆ ಗಣಿ ದೀಪ ಸಾಲಾಗಿ ಕಾಣ್ತಿತ್ತಂತೆ, ಅವ್ರ ಮನೆಗೆ ಬಲ್ಬ್ ಬಂದಿದ್ದು ಅವ್ರಿಗೆ ಮೂರು ಮಕ್ಕಳಾದ್ಮೇಲೆ.

ನಮ್ ಚಾಂಪಿಯನ್ ರೀಫ್ ಗಣಿ 3 ಕಿ.ಮೀ.ಗಿಂತ ಆಳ. 1965ರಲ್ಲಿ ವಾತಾವರಣದ ನ್ಯೂಟ್ರಿನೊ ಅನ್ನೋ ಕಣ ಪತ್ತೆ ಮಾಡಿದ ಮೊದಲನೇ ಜಾಗಗಳಲ್ಲಿ ನಮ್ದೂ ಒಂದು, ಮುಂಬೈನ ಟಾಟಾ ಸಂಶೋಧನಾ ಸಂಸ್ಥೆ ಟಿಐಎಫ್‌ಆರ್ ಜೊತೆ ಜಪಾನು, ಇಂಗ್ಲೆಂಡಿನೋರೂ ಇದ್ರು. ಅಷ್ಟು ದೊಡ್ಡ ಸೈನ್ಸ್ ಕಾಲ ಕೆಳಗೆ ನಡೀತಿದ್ದಾಗ ನಮ್ ತಾತ ಕೆಮ್ಮಿಕೊಂಡು ಶಿಫ್ಟಿಗೆ ಹೋಗ್ತಿದ್ರು, ಕಲ್ಲುಧೂಳಿನ ಕೆಮ್ಮು. 2001 ಫೆಬ್ರವರಿ 28ಕ್ಕೆ ಬಾಗಿಲು ಹಾಕಿದ್ರು. ಈಗ ನಾವು ಬೆಳಗಾಗೋಕೆ ಮುಂಚೆ ರೈಲು ಹತ್ತಿ ಬೆಂಗಳೂರಿಗೆ ಹೋಗ್ತೀವಿ, ಚಿನ್ನ ಹೋದ ದಾರೀಲೇ. ಗಾಳಿ ಬೀಸಿದ್ರೆ ಗಣಿ ತ್ಯಾಜ್ಯದ ಸೈನೈಡ್ ದಿಬ್ಬದ ಪುಡಿ ಒಗೆದ ಬಟ್ಟೆ ಮೇಲೆ. ಬೆಮೆಲ್ ಸರ್ಕಾರಿ ಕಾರ್ಖಾನೆ 1964ರಲ್ಲಿ ಬಂದಿದ್ದಕ್ಕೆ ಒಂದಷ್ಟು ಜನ ಊಟ ಮಾಡಿದ್ರು, ಅದನ್ನೂ ಹೇಳ್ಬೇಕು.

ಪಾವಗಡ ಬಿಸಿಲು:

ನಮ್ದೂ ಸೇರಿಸ್ಕೊಳ್ಳಿ, ತುಮಕೂರು ಜಿಲ್ಲೆ. ಸೋಲಾರ್ ಪಾರ್ಕು, 2050 ಮೆಗಾವ್ಯಾಟು, 13 ಸಾವಿರ ಎಕರೆ. ಭೂಮಿ ಕೊಂಡ್ಕೊಳ್ಲಿಲ್ಲ, ಗುತ್ತಿಗೆ. ಎಕರೆಗೆ ವರ್ಷಕ್ಕೆ 21 ಸಾವಿರದಿಂದ ಶುರು, ಎರಡು ವರ್ಷಕ್ಕೊಂದ್ಸಲ 5 ಪರ್ಸೆಂಟ್ ಏರುತ್ತೆ. ನಮ್ ಚಿಕ್ಕಪ್ಪ ಎಂಟು ಎಕರೆ ಕೊಟ್ಟವ್ರೆ, ಕಡ್ಲೆಕಾಯಿ ಒಣಗೋ ಕಾಟ ತಪ್ತು ಅಂತ ಖುಷಿಯಾಗವ್ರೆ, ತಪ್ಪೇನಿಲ್ಲ. ಆದ್ರೆ ಅವ್ರ ಹೊಲದಲ್ಲಿ ಕಳೆ ಕೀಳ್ತಿದ್ದ ನಾಲ್ಕು ಹೆಂಗಸ್ರಿಗೆ ಗುತ್ತಿಗೆ ಇಲ್ಲ ಏನಿಲ್ಲ, ಕುರಿ ಮೇಯಿಸೋರು ಬೇಲಿ ಸುತ್ತಿ ಸುತ್ತಿ ಸಾಕಾಗಿ ಕುರಿ ಮಾರಿದ್ರು. ಪಹಣೀಲಿ ಹೆಸರಿದ್ದೋರಿಗೆ ಮಾತ್ರ ಬಿಸಿಲಿಗೆ ಬೆಲೆ.

ಮಂಡಿ ಮಹಾರಾಜ:

ಎಲ್ರೂ ಅಳಿಸ್ತಿದೀರಲ್ಲಪ್ಪ. ಬೆಂಗಳೂರಿನ ಚರಂಡಿ ನೀರು ಶುದ್ಧಿ ಮಾಡಿ ನಮ್ ಕೆರೆಗೆ ಬಿಡೋ ಕೆ.ಸಿ. ವ್ಯಾಲಿ ನೀರು ಬಂದ್ಮೇಲೆ ನಮ್ ಕಡೆ ಬೋರ್ ರೀಚಾರ್ಜ್ ಆಗಿಲ್ವಾ? ಅದೂ ಟೆಕ್ನಾಲಜೀನೇ ಅಲ್ವಾ?

ತೂಬಿನ ಕಲ್ಲು:

ಆಗೈತೆ, ಇಲ್ಲ ಅನ್ನಲ್ಲ. 2018ರ ಜೂನಲ್ಲಿ ಲಕ್ಷ್ಮೀಸಾಗರ ಕೆರೆಗೆ ಬಂದಾಗ ನಾನೂ ನೋಡೋಕೆ ಹೋಗಿದ್ದೆ, ಜನ ಪೂಜೆ ಮಾಡಿದ್ರು, ನೊರೆ ನೋಡಿ ಮೂಗೂ ಮುಚ್ಕೊಂಡ್ರು. ದಿನಕ್ಕೆ 44 ಕೋಟಿ ಲೀಟರ್ ಅಂತ ಪ್ಲಾನು, 126 ಕೆರೆ. ನಮ್ ಭಾಮೈದನ ಹೊಲದ ಬಾವೀಲಿ ಇಪ್ಪತ್ತು ವರ್ಷ ಆದ್ಮೇಲೆ ನೀರು ಕಂಡೈತೆ, ಮೋಟರ್ ಸುಡೋದೂ ಕಮ್ಮಿ ಆಗಿ ನನ್ ವ್ಯಾಪಾರ ಬಿದ್ದೈತೆ 🙂. ಎರಡೇ ಹಂತ ಶುದ್ಧಿ ಮಾಡಿ ಬಿಡ್ತಾರೆ, ಮೂರನೇ ಹಂತನೂ ಮಾಡಿ ಅಂತ ಹೋರಾಟ ನಡೀತಾನೇ ಐತೆ. ಅಂತರ್ಜಲ ತುಂಬ್ಲಿ, ಕೆರೆಗೇ ಪಂಪ್ ಇಟ್ಟು ಎತ್ತಬೇಡಿ ಅಂದ್ರು. ರಾತ್ರಿ ಹೊತ್ತು ಹೋಗಿ ನೋಡು ಎಷ್ಟು ಪೈಪ್ ಇಳಿಬಿದ್ದಿರ್ತವೆ ಅಂತ. ಅಲ್ಲಿ ಒಬ್ಬ ನೀರುಗಂಟಿ ಇದ್ದಿದ್ರೆ...

ಅಮ್ಮ, ನಿಮ್ಮೂರಲ್ಲಿ ಕೊನೇ ನೀರುಗಂಟಿ ಯಾರು ಅಂತ ನಿಮ್ ತಾತನ್ನ ಕೇಳು. ಅದನ್ನ ಬರಿ, ಯಾರ ಹತ್ರಾನೂ ಇರಲ್ಲ.

ಹುಣಸೆತೋಪು:

ಕೇಳ್ದೆ ಸಾರ್! ತಾತ ಒಂದು ಗಂಟೆ ಬಿಡ್ಲಿಲ್ಲ. ನಮ್ಮೂರ ನೀರುಗಂಟಿಗೆ ಸುಗ್ಗೀಲಿ ಪ್ರತಿ ಗದ್ದೆಯಿಂದ ಇಷ್ಟು ಭತ್ತ ಅಂತ ಅಳೆದು ಕೊಡ್ತಿದ್ರಂತೆ, ಕೆರೆ ಬತ್ತಿದ್ಮೇಲೆ ಅದೂ ನಿಂತೋಯ್ತು, ಅವ್ನ ಮಗ ಬೆಂಗಳೂರಲ್ಲಿ ಗಾರೆ ಕೆಲಸಕ್ಕೆ ಹೋದ್ರಂತೆ. ಮೊಮ್ಮಗ ಯಾರು ಗೊತ್ತಾ, ನಮ್ ಪಂಚಾಯ್ತಿ ವಾಟರ್‌ಮ್ಯಾನ್! ದಿನಾ ಬೆಳಿಗ್ಗೆ ಬೋರಿನ ವಾಲ್ವ್ ತಿರುಗಿಸಿ ಬೀದಿ ಬೀದಿಗೆ ನೀರು ಬಿಡೋದು ಅವ್ರೇ, ಬೋರಿನ ಸ್ಟಾರ್ಟರ್‌ಗೆ ಸಿಮ್ ಹಾಕಿ ಫೋನಲ್ಲೇ ಆನ್ ಮಾಡ್ತಾರೆ. ನಾನು ಇಷ್ಟು ದಿನ ಅವ್ರ ಹತ್ರ ಬರೀ "ಅಣ್ಣ, ನಮ್ ಬೀದೀಗೆ ಯಾವಾಗ" ಅಂತ ಜಗಳ ಆಡಿದೀನಿ. ನಾಳೆ ನೀರು ಬಿಟ್ಮೇಲೆ ಸಿಗ್ತೀನಿ ಬಾಮ್ಮ ಅಂದವ್ರೆ. ಅಪ್ಪ ಆ 61 ಬೀಜ ಎಸೆದಿಲ್ಲ, ಅದನ್ನೂ ಸೆಮಿನಾರ್‌ಗೆ ತಗೊಂಡೋಗ್ತೀನಿ.

ಮಂಡಿ ಮಹಾರಾಜ:

ಸೂಪರ್ ಕಣಮ್ಮ. ಅದಿರ್ಲಿ, ನಿಮ್ ಟಮೊಟೊ ಇವತ್ತು ಬಾಕ್ಸ್ ಎಷ್ಟಕ್ಕೆ ಹೋಯ್ತು?