ಗ್ರಹಗಳ ವಿಡಿಯೋ ಹಿಡಿಯುವ ಪ್ರೋಗ್ರಾಂ: ಅರ್ಧ ನಿಮಿಷ ಆದಮೇಲೆ ಫ್ರೇಮ್ ಡ್ರಾಪ್ ಏಕೆ?

ಗುರುಪಥ:
ಎಲ್ಲರಿಗೂ ನಮಸ್ಕಾರ. ಲಿನಕ್ಸ್‌ನಲ್ಲಿ ಸಿ ಪ್ಲಸ್ ಪ್ಲಸ್ ಬಳಸಿ ಸ್ವಂತ ಕ್ಯಾಪ್ಚರ್ ಪ್ರೋಗ್ರಾಂ ಬರೆಯುತ್ತಿದ್ದೇನೆ. 8 ಇಂಚಿನ ಸ್ಮಿಟ್-ಕ್ಯಾಸೆಗ್ರೇನ್ ದೂರದರ್ಶಕ, 2ಎಕ್ಸ್ ಬಾರ್ಲೋ (ಚಿತ್ರ ಹಿಗ್ಗಿಸುವ ಲೆನ್ಸ್), ಐಎಂಎಕ್ಸ್290 ಸೆನ್ಸರ್‌ನ ಮೋನೋ ಕ್ಯಾಮೆರಾ, ಯುಎಸ್‌ಬಿ 3. ಲ್ಯಾಪ್‌ಟಾಪ್‌ನಲ್ಲಿ 16 ಜಿಬಿ ರ‍್ಯಾಮ್, 5400 ಆರ್‌ಪಿಎಂ ಹಾರ್ಡ್ ಡಿಸ್ಕ್. ಗುರುಗ್ರಹಕ್ಕೆ 640×480 ಆರ್‌ಓಐ (ಸೆನ್ಸರ್‌ನಲ್ಲಿ ಓದುವ ಭಾಗ), 5 ಮಿಲಿಸೆಕೆಂಡ್ ಎಕ್ಸ್‌ಪೋಶರ್, 16 ಬಿಟ್. ಮೊದಲ ಅರ್ಧ ನಿಮಿಷ ಸೆಕೆಂಡಿಗೆ 200ರ ಆಸುಪಾಸು ಫ್ರೇಮ್ ಬರುತ್ತವೆ. ಆಮೇಲೆ ಇದ್ದಕ್ಕಿದ್ದಂತೆ ಒಂದೆರಡು ಸೆಕೆಂಡ್ ನಿಂತುಬಿಡುತ್ತದೆ, ಮತ್ತೆ ಓಡುತ್ತದೆ, ಮತ್ತೆ ನಿಲ್ಲುತ್ತದೆ. ಒಂದೇ ಲೂಪ್‌ನಲ್ಲಿ ಫ್ರೇಮ್ ತೆಗೆದು, ಪರದೆಗೆ ಹಾಕಿ, ಎಸ್‌ಇಆರ್ ಫೈಲಿಗೆ (ಗ್ರಹಗಳ ವಿಡಿಯೋಗೆ ಬಳಸುವ ಫೈಲ್ ಬಗೆ) ಬರೆಯುತ್ತಿದ್ದೇನೆ. ಯುಎಸ್‌ಬಿ ಕೇಬಲ್ ಬದಲಿಸಬೇಕೇ? ಇನ್ನೊಂದು ಪ್ರಶ್ನೆ: ಅದೇ 16 ಬಿಟ್ ಫೈಲ್ ಒಂದು ತಂತ್ರಾಂಶದಲ್ಲಿ ಚೆನ್ನಾಗಿ ಕಾಣುತ್ತದೆ, ಇನ್ನೊಂದರಲ್ಲಿ ಬರೀ ಚುಕ್ಕೆ ಚುಕ್ಕೆ.

ತಾರಾಕೋಡ್:
ಕೇಬಲ್ ಮುಟ್ಟಬೇಡಿ, ಮೊದಲು ಲೆಕ್ಕ ಹಾಕಿ. ಒಂದು ಫ್ರೇಮ್ 6,14,400 ಬೈಟ್. ಸೆಕೆಂಡಿಗೆ 200 ಅಂದರೆ ಸುಮಾರು 123 ಎಂಬಿ. 5400 ಆರ್‌ಪಿಎಂ ಡಿಸ್ಕ್ ಸತತವಾಗಿ 100 ಎಂಬಿ ಬರೆದರೆ ಅದೇ ಹೆಚ್ಚು. ಹಾಗಿದ್ದೂ ಶುರುವಿನಲ್ಲಿ ಸರಾಗವಾಗಿ ಓಡುವುದು ಏಕೆಂದರೆ ಕರ್ನಲ್ ನಿಮ್ಮ ಡೇಟಾವನ್ನು ರ‍್ಯಾಮ್‌ನಲ್ಲೇ ಇಟ್ಟುಕೊಂಡು "ಬರೆದಾಯಿತು" ಎನ್ನುತ್ತದೆ. ಸಾಮಾನ್ಯ ಸೆಟ್ಟಿಂಗ್‌ನಲ್ಲಿ, ಹೀಗೆ ಬಾಕಿ ಉಳಿದ ಡೇಟಾ ಬಳಕೆಗೆ ಸಿಗುವ ಮೆಮೊರಿಯ 10% ದಾಟಿದಾಗ ಹಿನ್ನೆಲೆಯಲ್ಲಿ ಡಿಸ್ಕಿಗೆ ಇಳಿಸಲು ಶುರುಮಾಡುತ್ತದೆ. 20% ಹತ್ತಿರವಾದಂತೆ ಬರೆಯುವ ಪ್ರೋಗ್ರಾಂ ಅನ್ನೇ ತಡೆದು ನಿಲ್ಲಿಸುತ್ತದೆ. ನಿಮ್ಮ 16 ಜಿಬಿಗೆ ಆ ಮಿತಿ 3 ಜಿಬಿ ಆಸುಪಾಸು. ಅರ್ಧ ನಿಮಿಷದ ಲೆಕ್ಕ ತಾಳೆಯಾಗುತ್ತದೆ. ರೆಕಾರ್ಡಿಂಗ್ ನಡೆಯುವಾಗ ಇನ್ನೊಂದು ಟರ್ಮಿನಲ್‌ನಲ್ಲಿ ಮೆಮ್‌ಇನ್ಫೋದ (/proc/meminfo) "ಡರ್ಟಿ" ಸಾಲನ್ನು, ಅಂದರೆ ಡಿಸ್ಕಿಗೆ ಇಳಿಯಲು ಬಾಕಿ ಇರುವ ಡೇಟಾವನ್ನು, ಸೆಕೆಂಡಿಗೊಮ್ಮೆ ನೋಡುತ್ತಿರಿ. ಅದು ಏರುತ್ತಾ ಹೋಗಿ ಒಂದು ಮಟ್ಟದಲ್ಲಿ ಅಂಟಿಕೊಂಡಾಗಲೇ ಫ್ರೇಮ್ ನಿಂತರೆ ಕಾರಣ ಡಿಸ್ಕ್, ಕ್ಯಾಮೆರಾ ಅಲ್ಲ.

ಎಸ್‌ಎಸ್‌ಡಿ ಹಾಕಿ. ಆದರೆ ಅಗ್ಗದ ಎಸ್‌ಎಸ್‌ಡಿಗಳಲ್ಲೂ ವೇಗದ ಕ್ಯಾಶ್ ಭಾಗ ತುಂಬಿದ ಮೇಲೆ ಬರೆಯುವ ವೇಗ ಕುಸಿಯುತ್ತದೆ. ಒಂದು ಜಿಬಿ ಬರೆದು ನೋಡಿ ತೀರ್ಮಾನ ಮಾಡಬೇಡಿ, 30 ಜಿಬಿ ಒಂದೇ ಸಮ ಬರೆದು ಅಳೆಯಿರಿ.

ಶನಿಬಳೆ:
ಎಸ್‌ಎಸ್‌ಡಿ ಹಾಕಿದರೂ ಒಂದೇ ಲೂಪ್‌ನ ವಿನ್ಯಾಸ ಉಳಿದರೆ ತೊಂದರೆ ಉಳಿಯುತ್ತದೆ. ಪರದೆಗೆ ಚಿತ್ರ ಹಾಕಲು 16 ಮಿಲಿಸೆಕೆಂಡ್ ಹಿಡಿದರೆ ಅಷ್ಟರಲ್ಲಿ ಮೂರು ಫ್ರೇಮ್ ಬಂದಿರುತ್ತವೆ. ಮೂರು ಥ್ರೆಡ್ (ಜೊತೆಜೊತೆಗೆ ಓಡುವ ಕೆಲಸದ ಸಾಲು) ಮಾಡಿ.

ಕ್ಯಾಮೆರಾ ಥ್ರೆಡ್‌ಗೆ ಒಂದೇ ಕೆಲಸ: ಖಾಲಿ ಬಫರ್ ತೆಗೆದುಕೋ, ಎಸ್‌ಡಿಕೆಯಿಂದ (ಕ್ಯಾಮೆರಾ ತಯಾರಕರು ಕೊಡುವ ಲೈಬ್ರರಿ) ಫ್ರೇಮ್ ತುಂಬಿಸು, ಸಮಯ ಒತ್ತು, ಬರೆಯುವ ಸರತಿಗೆ ಪಾಯಿಂಟರ್ ದಾಟಿಸು. ಅಲ್ಲಿ ಮೆಮೊರಿ ಅಲೊಕೇಶನ್ ಬೇಡ, ಲಾಗ್ ಬರೆಯುವುದೂ ಬೇಡ. 400 ಬಫರ್‌ಗಳನ್ನು ಮೊದಲೇ ಮಾಡಿಟ್ಟರೆ 246 ಎಂಬಿ, ಎರಡು ಸೆಕೆಂಡಿನ ತಡೆ ತಾಳುತ್ತದೆ. ಮಾಡಿದ ಕೂಡಲೇ ಎಲ್ಲದಕ್ಕೂ ಸೊನ್ನೆ ತುಂಬಿ. ಇಲ್ಲದಿದ್ದರೆ ಕರ್ನಲ್ ನಿಜವಾದ ಪುಟಗಳನ್ನು ಕೊಡುವುದು ಮೊದಲ ಬಳಕೆಯಲ್ಲಿ, ಅಂದರೆ ರೆಕಾರ್ಡಿಂಗ್ ನಡುವೆ. ಖಾಲಿ ಬಫರ್ ಮುಗಿದರೆ ಕಾಯುತ್ತಾ ಕೂರಬೇಡಿ. ಒಂದು ಬಿಡಿ ಬಫರ್‌ಗೆ ಫ್ರೇಮ್ ತೆಗೆದು ಎಸೆದು, ಡ್ರಾಪ್ ಎಣಿಕೆಗೆ ಒಂದು ಸೇರಿಸಿ, ಆ ಸಂಖ್ಯೆಯನ್ನು ಪರದೆಯ ಮೇಲೆ ಕೆಂಪಿನಲ್ಲಿ ತೋರಿಸಿ. ಡ್ರಾಪ್ ಮುಚ್ಚಿಡುವ ಪ್ರೋಗ್ರಾಂ ನಂಬಲು ಯೋಗ್ಯವಲ್ಲ.

ಪ್ರಿವ್ಯೂ ಥ್ರೆಡ್ ಸೆಕೆಂಡಿಗೆ 20 ಸಲ ತೀರಾ ಇತ್ತೀಚಿನ ಫ್ರೇಮ್‌ನ ಪ್ರತಿಯನ್ನಷ್ಟೇ ತೆಗೆದುಕೊಳ್ಳಲಿ. ಹಿಸ್ಟೋಗ್ರಾಂ ಕೂಡ ಅದರ ಮೇಲೇ.

ಬರೆಯುವ ಥ್ರೆಡ್‌ನಲ್ಲಿ ಕ್ಯಾಶ್ ತಪ್ಪಿಸಿ ನೇರ ಡಿಸ್ಕಿಗೆ ಬರೆಯುವುದು ಒಳ್ಳೆಯದು. ಆದರೆ ಎಸ್‌ಇಆರ್ ಹೆಡರ್ (ಫೈಲಿನ ಶುರುವಿನ ಮಾಹಿತಿ ಭಾಗ) 178 ಬೈಟ್, ಹಾಗಾಗಿ ಯಾವ ಫ್ರೇಮ್ ಕೂಡ 4096ರ ಗಡಿಯಲ್ಲಿ ಶುರುವಾಗುವ ಖಾತ್ರಿ ಇಲ್ಲ, ಅಂತಹ ಗಡಿಯಲ್ಲೇ ಶುರುವಾಗಬೇಕಾದ ನೇರ ಬರಹ ಎರರ್ ಕೊಡುತ್ತದೆ. ಗಡಿಗೆ ಹೊಂದಿಸಿದ 4 ಎಂಬಿ ಬಫರ್‌ಗೆ ಹೆಡರ್, ಫ್ರೇಮ್ ಎಲ್ಲವನ್ನೂ ಒಂದರ ಹಿಂದೆ ಒಂದು ಸುರಿದು, ತುಂಬಿದಾಗ ಬರೆಯಿರಿ. ಕೊನೆಯ ತುಂಡಿಗೆ ಸೊನ್ನೆ ಸೇರಿಸಿ ಬರೆದು, ಆಮೇಲೆ ಫೈಲಿನ ಉದ್ದವನ್ನು ಸರಿಯಾದ ಅಳತೆಗೆ ಕತ್ತರಿಸಿ.

ಯುಎಸ್‌ಬಿ ಕಡೆ: ಲಿನಕ್ಸ್‌ನ ಯುಎಸ್‌ಬಿಎಫ್‌ಎಸ್ ಮೆಮೊರಿ (ಯುಎಸ್‌ಬಿ ಡೇಟಾಕ್ಕೆ ಕರ್ನಲ್ ಕೊಡುವ ಬಫರ್) ಮಿತಿ ಸಾಮಾನ್ಯವಾಗಿ 16 ಎಂಬಿ ಮಾತ್ರ, 200 ಮಾಡಿ. ಆರ್‌ಓಐ ಅಗಲ 8ರ, ಎತ್ತರ 2ರ ಗುಣಕ ಇರಲಿ. ಜೆಡ್‌ಡಬ್ಲ್ಯೂಓ ಕಂಪನಿಯ ಎಎಸ್‌ಐ ಕ್ಯಾಮೆರಾಗಳ ಎಸ್‌ಡಿಕೆಯಲ್ಲಿ ಆರ್‌ಓಐ ಬದಲಿಸಿದರೆ ಅದು ಸೆನ್ಸರ್ ನಡುವಿಗೆ ಹೋಗಿ ಕೂರುತ್ತದೆ, ಶುರುವಿನ ಜಾಗವನ್ನು ನಂತರ ಮತ್ತೆ ಹೇಳಬೇಕು. ಮುಂದೆ ಕಲರ್ ಕ್ಯಾಮೆರಾಕ್ಕೂ ಬರೆಯುವುದಾದರೆ ಶುರುವಿನ ಜಾಗ ಸಮಸಂಖ್ಯೆಯೇ ಆಗಿರಲಿ. ಒಂದು ಪಿಕ್ಸೆಲ್ ಸರಿದರೂ ಬೇಯರ್ ಕ್ರಮ (ಪಿಕ್ಸೆಲ್‌ಗಳ ಮೇಲಿನ ಬಣ್ಣದ ಫಿಲ್ಟರ್‌ಗಳ ಜೋಡಣೆ) ತಿರುಗಿ ಬಣ್ಣ ಕೆಡುತ್ತದೆ.

ಪಡುವಣ ಬಾನು:
ಚುಕ್ಕೆ ಚುಕ್ಕೆಯ ಪ್ರಶ್ನೆಗೆ ಉತ್ತರ ಹೆಡರ್‌ನ (ಸೊನ್ನೆಯಿಂದ ಎಣಿಸಿದರೆ) 22ನೇ ಬೈಟ್‌ನಲ್ಲಿದೆ. 16 ಬಿಟ್ ಸಂಖ್ಯೆಯ ಕಿರಿಯ ಬೈಟ್ ಮೊದಲು ಬಂದರೆ (ಇಂಟೆಲ್ ಯಂತ್ರದಲ್ಲಿ ಹಾಗೆಯೇ), ಅಲ್ಲಿರುವ "ಲಿಟಲ್ ಎಂಡಿಯನ್" ಕ್ಷೇತ್ರಕ್ಕೆ ದಾಖಲೆಯ ಪ್ರಕಾರ 1 ಹಾಕಬೇಕು. ಆದರೆ ಮೊದಮೊದಲು ಬಂದ ಹಲವು ತಂತ್ರಾಂಶಗಳು ಅದನ್ನು ತಿರುಗುಮುರುಗಾಗಿ ಓದಿದವು, ಸಿರಿಲ್ (ಖಗೋಳ ಚಿತ್ರ ಸಂಸ್ಕರಣೆಯ ತಂತ್ರಾಂಶ) ಮುಂತಾದವು ಹೊಂದಾಣಿಕೆಗಾಗಿ ಅದೇ ಹಾದಿ ಹಿಡಿದವು. ಹಾಗಾಗಿ ಇಂಟೆಲ್ ಯಂತ್ರದ ಡೇಟಾಕ್ಕೆ 0 ಬರೆಯಿರಿ, ಬಳಕೆಯಲ್ಲಿರುವುದು ಅದೇ.

34ನೇ ಬೈಟ್‌ನ ಪಿಕ್ಸೆಲ್ ಆಳವೂ ಗಮನಿಸಿ. 12 ಬಿಟ್ ಡೇಟಾವನ್ನು ಎಸ್‌ಡಿಕೆ ಮೇಲಿನ ಬಿಟ್‌ಗಳಿಗೆ ಸರಿಸಿ ಕೊಡುತ್ತಿದ್ದರೆ 16 ಎಂದೇ ಬರೆಯಿರಿ. ಸರಿಸದ ಡೇಟಾಕ್ಕೆ 16 ಎಂದರೆ ಚಿತ್ರ ಹದಿನಾರು ಪಟ್ಟು ಮಂಕಾಗುತ್ತದೆ. 38ನೇ ಬೈಟ್‌ನ ಫ್ರೇಮ್ ಎಣಿಕೆಯನ್ನು ಕೊನೆಗೆ ಮಾತ್ರ ತುಂಬಬೇಡಿ. ಬ್ಯಾಟರಿ ಕೈಕೊಟ್ಟರೆ ಅಲ್ಲಿ ಸೊನ್ನೆ ಉಳಿಯುತ್ತದೆ. ಕೆಲವು ಸೆಕೆಂಡಿಗೊಮ್ಮೆ ತಿದ್ದುತ್ತಿರಿ.

ಫೈಲಿನ ಬಾಲದಲ್ಲಿ ಫ್ರೇಮ್‌ಗೊಂದು 8 ಬೈಟ್ ಸಮಯ: ಕ್ರಿ.ಶ. 1ರ ಜನವರಿ 1ರಿಂದ 100 ನ್ಯಾನೋಸೆಕೆಂಡ್ ಲೆಕ್ಕದಲ್ಲಿ, ಯುಟಿಸಿ. ಯುನಿಕ್ಸ್ ಸಮಯವನ್ನು ಆ ಏಕಮಾನಕ್ಕೆ ತಂದು 621355968000000000 ಕೂಡಿಸಿ. ಇಲ್ಲಿ ಭಾರತೀಯ ಕಾಲಮಾನ ನುಸುಳಿದರೆ ಐದೂವರೆ ಗಂಟೆ ತಪ್ಪು. ಗುರು 9 ಗಂಟೆ 55 ನಿಮಿಷಕ್ಕೆ ಒಂದು ಸುತ್ತು ತಿರುಗುವುದರಿಂದ ಗ್ರಹಗಳ ಚಿತ್ರ ಅಳೆಯುವ ವಿನ್‌ಜೂಪೋಸ್ ತಂತ್ರಾಂಶದಲ್ಲಿ ರೇಖಾಂಶ ಸುಮಾರು 200 ಡಿಗ್ರಿ ಆಚೆ ಹೋಗುತ್ತದೆ, ಕೆಂಪು ಚುಕ್ಕೆ ಇರಬೇಕಾದ ಕಡೆ ಇರುವುದಿಲ್ಲ.

ಗುರುಪಥ:
ತುಂಬಾ ಧನ್ಯವಾದ. ಎಸ್‌ಎಸ್‌ಡಿ ಬರುವ ತನಕ 8 ಬಿಟ್‌ಗೆ ಇಳಿಸಿದರೆ 61 ಎಂಬಿ ಸಾಕಾಗುತ್ತದೆ. ಬೆಲ್ಟ್‌ಗಳ ಸೂಕ್ಷ್ಮ ಛಾಯೆ ಕಳೆದುಹೋಗುವುದಿಲ್ಲವೇ?

ಶನಿಬಳೆ:
5 ಮಿಲಿಸೆಕೆಂಡ್‌ಗೆ ಬೇಕಾಗುವ ಗೇನ್‌ನಲ್ಲಿ (ಕ್ಯಾಮೆರಾ ಸಂಕೇತವನ್ನು ಹೆಚ್ಚಿಸುವ ಮಟ್ಟ) ಹೋಗುವುದಿಲ್ಲ. ಅಳೆದೇ ನೋಡಿ: ಗ್ರಹದ ನಡುವಿನ ಒಂದೇ ಪಿಕ್ಸೆಲ್‌ನ ಮೌಲ್ಯ 100 ಫ್ರೇಮ್‌ಗಳಲ್ಲಿ ಎಷ್ಟು ಏರಿಳಿಯುತ್ತದೆ ಎಂದು ಲೆಕ್ಕ ಹಾಕಿ. 8 ಬಿಟ್ ಅಳತೆಯಲ್ಲಿ ಸ್ಟ್ಯಾಂಡರ್ಡ್ ಡೀವಿಯೇಶನ್ 1ಕ್ಕಿಂತ ಹೆಚ್ಚಿದ್ದರೆ, ಆ ನಾಯ್ಸ್ ಕಾರಣದಿಂದಲೇ ಸಾವಿರಾರು ಫ್ರೇಮ್ ಸ್ಟ್ಯಾಕ್ ಮಾಡಿದಾಗ (ಸೇರಿಸಿ ಸರಾಸರಿ ತೆಗೆದಾಗ) ನಡುವಿನ ಛಾಯೆಗಳು ಮರಳಿ ಬರುತ್ತವೆ. ಗೇನ್ ಕಡಿಮೆ ಇಟ್ಟು ಚಂದ್ರನನ್ನು ತೆಗೆಯುವಾಗ ಮಾತ್ರ 16 ಬಿಟ್ ಇಟ್ಟುಕೊಳ್ಳಿ.